ಬಳ್ಳಾರಿ ಜಾಲಿ ಹೆಂಗಿದ್ರೂ ಹಸಿರೇ ಅಲ್ವಾ, ಅದನ್ನ ಕೆರೆಯಿಂದ ಯಾಕೆ ಕೀಳ್ಬೇಕು?

ದೂರದಿಂದ ನೋಡೋಕೆ ಹಸಿರೇ. ಆದ್ರೆ ಇದು ಮಧ್ಯ, ದಕ್ಷಿಣ ಅಮೆರಿಕ ಕಡೆಯ ಗಿಡ, 19ನೇ ಶತಮಾನದಲ್ಲಿ ಸೌದೆಗೆ, ಬರಡು ನೆಲಕ್ಕೆ ಅಂತ ಭಾರತಕ್ಕೆ ತಂದಿದ್ದು. ಎಲೆನ ದನ ಕುರಿ ಅಷ್ಟಾಗಿ ಮುಟ್ಟಲ್ಲ, ಕಾಯಿ ಮಾತ್ರ ಸಿಹಿ ಅಂತ ಮೇಯ್ತವೆ, ಬೀಜ ಕರಗದೆ ಸಗಣಿ ಹಿಕ್ಕೆ ಜೊತೆ ಬಿದ್ದು ಅಲ್ಲೇ ಮೊಳೆಯುತ್ತೆ, ಅಂದ್ರೆ ಕುರಿಮಂದೆ ಹೋದಲ್ಲೆಲ್ಲ ಪುಕ್ಕಟೆ ಬಿತ್ತನೆ. ಕೋಲಾರದ ಕಡೆ ಒಣಗಿದ ಕೆರೆ ಅಂಗಳಕ್ಕೆ ಇಳಿದು ನೋಡಿ, ಜಾಲಿ ದಟ್ಟವಾಗಿರೋ ಕಡೆ ಬುಡದಲ್ಲಿ ಹುಲ್ಲು ಕಾಣೋದೇ ಅಪರೂಪ, ನೆರಳು ಒಂದು ಕಾರಣ, ಉದುರಿದ ಎಲೆಯ ಕೆಮಿಕಲ್ ಬೇರೆ ಬೀಜಗಳನ್ನ ಮೊಳೆಯೋಕೆ ಬಿಡದೇ ಇರೋದು ಇನ್ನೊಂದು. ಹುಲ್ಲು ಹೋಯ್ತು ಅಂದ್ರೆ ಮಿಡತೆ, ನೆಲದಲ್ಲೇ ಗೂಡು ಮಾಡೋ ನೆಲಗುಬ್ಬಿ ಎಲ್ಲ ಜಾಗ ಖಾಲಿ ಮಾಡ್ತವೆ.

ತುಮಕೂರು ಜಿಲ್ಲೆ ಮಧುಗಿರಿ ತಾಲೂಕಿನ ಮೈದನಹಳ್ಳಿ ಹತ್ರ ಜಯಮಂಗಲಿ ಕೃಷ್ಣಮೃಗ ಮೀಸಲು ಇದೆಯಲ್ಲ, ಆ ಪ್ರಾಣಿ ಅಪಾಯನ ದೂರದಿಂದಲೇ ನೋಡಿ ಓಡಿ ಬದುಕೋದು, ಅಂಥ ಬಯಲೆಲ್ಲ ಪೊದೆಯಾದ್ರೆ ಕಷ್ಟ.

ಸೌದೆ, ಇದ್ದಿಲಿಗೆ ಆಗುತ್ತೆ, ಅದು ನಿಜ, ಎಷ್ಟೋ ಮನೆ ಒಲೆ ಉರಿಯೋದೂ ಇದರಿಂದಲೇ. ಆದ್ರೆ ಬರೀ ಮೇಲೆ ಕಡಿದ್ರೆ ಬುಡದಿಂದ ಮತ್ತೆ ಹತ್ತಾರು ಕವಲು ಚಿಗುರುತ್ತೆ, ಜೆಸಿಬಿಯಲ್ಲಿ ಬೇರು ಸಮೇತ ಎತ್ತಿಸಿ, ಆಮೇಲೂ ಪ್ರತಿ ಮಳೆಗಾಲ ಸಸಿ ಕೀಳ್ತಾ ಇರ್ಬೇಕು.