ನೀವು ಕೇಳಿದ್ದು: ‘ಮೊತ್ಲಲೆಪುಲ’ ಅಂದ್ರೆ ಏನ್ರೀ?

ಪ್ರಶ್ನೆ: ನಮ್ಮ ಮನೆ ಧಾರವಾಡದ ಸಪ್ತಾಪುರದಲ್ಲಿದೆ. ಮೇಲಿನ ಮನೆಯನ್ನು ಓದಲು ಬಂದ ಹುಡುಗಿಯರಿಗೆ ಬಾಡಿಗೆ ಕೊಡುತ್ತೇವೆ. ಈ ವರ್ಷ ಬೋಟ್ಸ್ವಾನಾದ ಹುಡುಗಿಯೊಬ್ಬಳು ಬಂದಿದ್ದಾಳೆ. ಹೆಸರು ಮೊತ್ಲಲೆಪುಲ. ಕರಾರು ಪತ್ರ ಬರೆಸುವಾಗ ಆ ಹೆಸರು ನೋಡಿ ನಮ್ಮ ಯಜಮಾನರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ನಮ್ಮ ಅತ್ತೆಗಂತೂ ನಾಲಿಗೆ ಹೊರಳುವುದಿಲ್ಲ, ‘ಪುಲ್ಲವ್ವ’ ಅಂತ ಕರೆಯುತ್ತಾರೆ. ಹುಡುಗಿ ನಗುತ್ತಾಳೆ. ಒಳಗೊಳಗೇ ಬೇಜಾರಾಗಿದ್ದರೆ ಏನು ಗತಿ ಅಂತ ನನಗೆ ಚಿಂತೆ. ಅರ್ಥ ಕೇಳಿದರೆ ‘ರೇನ್, ಆಂಟಿ’ ಅಂದಳು. ಇಷ್ಟುದ್ದ ಹೆಸರಿಗೆ ಅಷ್ಟೇ ಅರ್ಥಾನಾ?
— ಗೃಹಿಣಿ, ಧಾರವಾಡ

ಉತ್ತರ: ಅಷ್ಟೇ ಅಲ್ಲ ಅಕ್ಕಾ. ಹುಡುಗಿ ಚುಟುಕಾಗಿ ಹೇಳಿ ಮುಗಿಸಿದ್ದಾಳೆ. ಕಂಡಕಂಡವರಿಗೆಲ್ಲ ಪೂರ್ತಿ ಹೇಳಿ ಹೇಳಿ ಸಾಕಾಗಿರಬೇಕು, ಪಾಪ.

ಅದು ಸೆಟ್ಸ್ವಾನಾ ಭಾಷೆಯ ಹೆಸರು. ಬಿಡಿಸಿದರೆ ನಾಲ್ಕು ತುಂಡು. ‘ಮೊ’ ಅಂದರೆ ಒಬ್ಬ ಮನುಷ್ಯ, ‘ತ್ಲ’ ಅಂದರೆ ಬರುವುದು, ‘ಲೆ’ ಅಂದರೆ ಜೊತೆಗೆ, ‘ಪುಲ’ ಅಂದರೆ ಮಳೆ. ಮಳೆಯನ್ನು ಕರಕೊಂಡು ಬಂದವಳು. ಗಂಡು ಮಗುವಿಗೂ ಇದೇ ಹೆಸರು ಇಡುತ್ತಾರೆ, ಆಗ ಬಂದವನು. ಆ ‘ಮೊ’ ನಿಮಗೆ ಇನ್ನೊಂದು ಕಡೆಯೂ ಸಿಗುತ್ತದೆ. ಅಲ್ಲಿನ ಒಬ್ಬ ಮನುಷ್ಯ ಮೊಟ್ಸ್ವಾನಾ, ಜನರೆಲ್ಲ ಸೇರಿ ಬಟ್ಸ್ವಾನಾ, ಭಾಷೆ ಸೆಟ್ಸ್ವಾನಾ, ನಾಡು ಬೋಟ್ಸ್ವಾನಾ. ಈ ಭಾಷೆ ಆಡುವವರು ಬೋಟ್ಸ್ವಾನಾಕ್ಕಿಂತ ಪಕ್ಕದ ದಕ್ಷಿಣ ಆಫ್ರಿಕಾದಲ್ಲೇ ಜಾಸ್ತಿ.

ಈಗ ಮಳೆಯ ವಿಷಯಕ್ಕೆ ಬರೋಣ, ಹೆಸರಿನ ಜೀವ ಇರೋದು ಅಲ್ಲೇ. ಬೋಟ್ಸ್ವಾನಾದ ಬಹುಪಾಲು ಕಲಹರಿ ಮರುಭೂಮಿ. ನೈಋತ್ಯದ ಕಡೆ ವರ್ಷಕ್ಕೆ 250 ಮಿಲಿಮೀಟರ್ ಮಳೆಯಾದರೆ ದೊಡ್ಡದು, ಈಶಾನ್ಯದ ಮೂಲೆಯಲ್ಲಿ ಸುಮಾರು 650. ಮಳೆಗಾಲವೂ ನಮ್ಮ ಲೆಕ್ಕದ್ದಲ್ಲ. ನಮಗೆ ಮುಂಗಾರು ಮುಗಿದು ಹಿಂಗಾರು ನಡೆಯುವ ಹೊತ್ತಿಗೆ ಅವರಿಗೆ ಶುರು, ಮಾರ್ಚ್-ಏಪ್ರಿಲ್‌ಗೆ ಮುಗೀತು. ದನಗಳೇ ಆಸ್ತಿ, ಜೋಳವೇ ಊಟ. ಹೌದು, ನಮ್ಮದೇ ಜೋಳ. ಅವರು ಮಬೆಲೆ ಅನ್ನುತ್ತಾರೆ. ಅದರ ಹಿಟ್ಟನ್ನು ಹುಳಿ ಬರಿಸಿ ಗಂಜಿ ಕಾಯಿಸುತ್ತಾರೆ. ಮುಂದಿನ ಸಲ ಅತ್ತೆ ಜೋಳದ ಅಂಬಲಿ ಮಾಡಿದಾಗ ಒಂದು ಲೋಟ ಮೇಲೆ ಕಳಿಸಿ, ಹುಡುಗಿ ಗುರುತು ಹಿಡಿಯದಿದ್ದರೆ ಕೇಳಿ.

ಇಂಥ ನಾಡಿನಲ್ಲಿ ಮಳೆ ಅನ್ನೋದು ಬರೀ ಹವಾಮಾನದ ಮಾತಾಗಿ ಉಳಿಯುವುದಿಲ್ಲ. 1976ರ ಆಗಸ್ಟ್ 23ರಂದು ದಕ್ಷಿಣ ಆಫ್ರಿಕಾದ ರ‍್ಯಾಂಡ್ ಬಿಟ್ಟು ಸ್ವಂತ ನಾಣ್ಯ ತಂದಾಗ ಅದಕ್ಕೆ ಇಟ್ಟ ಹೆಸರೇ ಪುಲ. ದೇಶದ ಲಾಂಛನದ ಕೆಳಗೂ ಇರುವುದು ಅದೊಂದೇ ಮಾತು. ಊರಿನ ಪಂಚಾಯ್ತಿ ಕಟ್ಟೆಯಲ್ಲಿ ಮುಖ್ಯಸ್ಥ ಮಾತಾಡಿ ಮುಗಿಸಿದ ಮೇಲೆ ಜನ ‘ಪುಲ!’ ಎಂದು ಕೂಗುತ್ತಾರೆ, ನಾವು ಜೈ ಅನ್ನುವ ಹೊತ್ತಲ್ಲಿ. ಹಿಂದೆ ಮಳೆ ತರಿಸುವುದು ಅರಸನ ಕೆಲಸವೇ ಆಗಿತ್ತು. ಬಕ್ವೇನಾ ಜನರ ಅರಸ ಸೆಚೆಲೆ ತಾನೇ ಮಳೆ ತರಿಸುವವನೆಂದು ಹೆಸರಾದವನು. 1848ರಲ್ಲಿ ಪಾದ್ರಿ ಲಿವಿಂಗ್‌ಸ್ಟನ್ ಕೈಲಿ ಕ್ರೈಸ್ತನಾಗಿ ಆ ಕೆಲಸ ಬಿಟ್ಟ. ಅದೇ ಕಾಲಕ್ಕೆ ಬರ ಬಿತ್ತು ನೋಡಿ. ಜನ ಬಂದು ಪಾದ್ರಿಗೆ ಹೇಳಿದ್ದು ಏನು ಗೊತ್ತಾ? ನೀವು ಒಳ್ಳೆಯವರೇ, ಆದರೆ ಈ ಪ್ರಾರ್ಥನೆ ಸ್ವಲ್ಪ ನಿಲ್ಲಿಸಿ, ಪ್ರಾರ್ಥನೆ ಮಾಡದ ಆಚೆ ಊರಿನವರಿಗೆ ಚೆನ್ನಾಗಿ ಮಳೆ ಬೀಳುತ್ತಿದೆ! ಇದನ್ನು ಲಿವಿಂಗ್‌ಸ್ಟನ್ ತಾನೇ ಬರೆದಿಟ್ಟಿದ್ದಾನೆ. ಮಳೆ ಹೋದಾಗ ಹಂಚಿನ ಮೇಲೆ ಗುರ್ಜಿ ಕೂರಿಸಿ, ತಲೆ ಮೇಲೆ ಹೊತ್ತು, ಮನೆ ಮನೆ ಮುಂದೆ ಕೊಡಪಾನ ನೀರು ಹೊಯ್ಯಿಸಿಕೊಳ್ಳುವ ನಮ್ಮ ಗದಗ-ಹಾವೇರಿ ಕಡೆಯವರಿಗೆ ಆ ಜನರ ಸಂಕಟ ಬಿಡಿಸಿ ಹೇಳಬೇಕಾಗಿಲ್ಲ.

ಹಾಗಾಗಿ ಮಳೆ ಬರುವಾಗ ಹುಟ್ಟಿದ ಕೂಸು ಅಂದರೆ ಕಾಲ್ಗುಣ ಚೆನ್ನಾಗಿರುವ ಕೂಸು. ನಾವು ಕಾಲ್ಗುಣ ಅಂತ ಬಾಯಲ್ಲಿ ಹೇಳಿ ಬಿಡುತ್ತೇವೆ, ಅವರು ಅದನ್ನೇ ಹೆಸರು ಮಾಡಿ ಇಟ್ಟುಬಿಡುತ್ತಾರೆ. ಪುಲೆ, ಪುಲಾನೆ, ಮ್ಮಾಪುಲ ಎಲ್ಲಾ ಇದೇ ಮಳೆಯ ಬಳಗ.

ನಿಮಗೆ ನಾನು ಹೇಳೋದು ಇಷ್ಟೇ. ಅರ್ಥ ಏನು ಅಂತ ಕೇಳಬೇಡಿ, ಯಾಕಿಟ್ಟರು ಅಂತ ಕೇಳಿ. ಅಲ್ಲಿ ಎಷ್ಟೋ ಹೆಸರುಗಳು ಮಗು ಹುಟ್ಟಿದಾಗ ಮನೆ ಯಾವ ಸ್ಥಿತಿಯಲ್ಲಿತ್ತು ಅನ್ನುವ ದಾಖಲೆ. ಯಾವ ಮಳೆ, ಬರ ಎಷ್ಟು ದಿನ ಇತ್ತು, ಹೆಸರು ಹೇಳಿದ್ದು ಅಜ್ಜನೋ ಅಜ್ಜಿಯೋ ಅಂತ ಕೇಳಿದರೆ ಇಂಗ್ಲಿಷಿನ ಒಂದು ಪದದಲ್ಲಿ ಮುಗಿಸುವ ಹುಡುಗಿ ನಿಮ್ಮ ಅಡುಗೆಮನೆಯಲ್ಲಿ ಕೂತು ಅರ್ಧ ತಾಸು ಮಾತಾಡುತ್ತಾಳೆ. ಬಾಣಂತನದ ಸುದ್ದಿಯನ್ನೂ ತೆಗೆಯಿರಿ. ಅವರಲ್ಲೂ ಬಾಣಂತಿ ಮತ್ತು ಕೂಸನ್ನು ಒಳಗೇ ಇಟ್ಟು, ಬಂದುಹೋಗುವವರನ್ನು ತಡೆಯುವ ಪದ್ಧತಿ ಇದೆ, ಬೊಟ್ಸೆಟ್ಸಿ ಅಂತಾರೆ. ಹಿಂದೆ ಅದು ಮೂರು ತಿಂಗಳವರೆಗೂ ನಡೆಯುತ್ತಿತ್ತು. ನಿಮ್ಮ ಅತ್ತೆಗೆ ಇಷ್ಟವಾಗುವ ವಿಷಯ.

ಇನ್ನು ‘ಪುಲ್ಲವ್ವ’. ಹಿರಿಯರು ಪ್ರೀತಿಯಿಂದ ಕರೆದರೆ ಏನೂ ತಪ್ಪಿಲ್ಲ ಅಂತ ನನ್ನ ಅನಿಸಿಕೆ. ಅದೂ ಅಲ್ಲದೆ ಅತ್ತೆ ಹುಡುಕಿ ಹುಡುಕಿ ಹೆಸರಿನ ಅತಿ ಶುಭದ ತುಂಡನ್ನೇ ಹಿಡಿದಿದ್ದಾರೆ! ಆದರೂ ಒಂದು ಮಾತು ಅವಳನ್ನೇ ಕೇಳಿಬಿಡಿ. ನಿಮ್ಮ ಯಜಮಾನರಿಗೆ ಪೂರ್ತಿ ಹೆಸರು ಕಲಿಯಬೇಕಿದ್ದರೆ ಕಷ್ಟ ಏನಿಲ್ಲ. ‘ಅತ್ಲಾಗ ಹೋಗು’ ಅಂತೀವಲ್ಲ, ಆ ‘ತ್ಲ’ ಸಾಕು. ಕೊನೆಗೆ ‘ಪು’ ಬಂದಾಗ ಸ್ವಲ್ಪ ಎಳೆಯಬೇಕು, ಮೊತ್ಲಲೆಪೂಲ. ಆ ಭಾಷೆಯಲ್ಲಿ ಕೊನೆಯ ಅಕ್ಷರದ ಹಿಂದಿನದು ಉದ್ದವಾಗುತ್ತದೆ. ಅವಳ ತಾಯಿ ಫೋನಿನಲ್ಲಿ ಸಿಕ್ಕರೆ ‘ದುಮೆಲಾ ಮ್ಮಾ’ ಅನ್ನಿ, ನಮಸ್ಕಾರ ಅವ್ವಾ ಅಂದ ಹಾಗೆ. ಗಂಡಸರಿಗಾದರೆ ‘ದುಮೆಲಾ ರ‍್ರಾ’. ಆ ತಾಯಿಯನ್ನು ಊರಲ್ಲಿ ಮಗಳ ಹೆಸರಿಂದಲೇ, ಇಂಥವಳ ಅವ್ವ ಅಂತ ಕರೆಯುತ್ತಿದ್ದರೂ ಆಶ್ಚರ್ಯವಿಲ್ಲ, ಅದು ಅಲ್ಲಿನ ರೂಢಿ. ನಮ್ಮ ಓಣಿಗಳಲ್ಲಿ ‘ಬಸ್ಯಾನ ಅವ್ವ’ ಇಲ್ವಾ?

ಪ್ರಶ್ನೆ: 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ 200 ಮೀಟರ್ ಗೆದ್ದ ಲೆಟ್ಸಿಲೆ ಟೆಬೊಗೊ ನನ್ನ ಫೇವರಿಟ್. ಟೆಬೊಗೊ ಅಡ್ಡಹೆಸರಾ? ನನ್ನ ಗೆಳೆಯನ ಆಫೀಸಿನಲ್ಲಿ ಟೆಬೊಗೊ ಅಂತ ಮೊದಲ ಹೆಸರಿನವರೇ ಒಬ್ಬರು ಇದ್ದಾರಂತೆ. ಯಾವುದು ಸರಿ?
— ಓಟಗಾರ, ಹುಬ್ಬಳ್ಳಿ

ಉತ್ತರ: ಎರಡೂ ಸರಿ. ಟೆಬೊಗೊ ಅಂದರೆ ಕೃತಜ್ಞತೆ, ದೇವರಿಗೆ ಹೇಳಿದ ಥ್ಯಾಂಕ್ಸ್ ಅಂತಿಟ್ಟುಕೊಳ್ಳಿ. ಗಂಡು, ಹೆಣ್ಣು ಇಬ್ಬರಿಗೂ ಇಡುವ ಹೆಸರು. ಕಾಮೆಂಟರಿಯವರು ಹೇಳುವ ಹಾಗೆ ‘ಗೊ’ ಅಲ್ಲ ಅದು. ಉರ್ದು ಚೆನ್ನಾಗಿ ಬಲ್ಲ ನಮ್ಮ ಹಳೇ ಹುಬ್ಬಳ್ಳಿಯವರು ‘ಖುದಾ’ ಅನ್ನುವಾಗ ಗಂಟಲಿಂದ ಬರುವ ಖಕಾರ ಇದೆಯಲ್ಲ, ಅದು. ಟೆಬೊಖೊ.

ಅಲ್ಲಿ ಒಬ್ಬ ಹಿರಿಯನ ಸ್ವಂತ ಹೆಸರು ಮುಂದಿನವರಿಗೆ ಅಡ್ಡಹೆಸರಾಗುತ್ತದೆ. ನಮ್ಮಲ್ಲಿ ಊರು, ಕಸುಬು, ಮೆಣಸಿನಕಾಯಿ, ಉಳ್ಳಾಗಡ್ಡಿ ಏನು ಬೇಕಾದರೂ ಆಗುತ್ತದೆ, ಅದು ಬೇರೆ ಮಾತು. ಬೋಟ್ಸ್ವಾನಾದ ಮೊದಲ ಅಧ್ಯಕ್ಷ ಸೆರೆಟ್ಸೆ ಖಾಮಾ ಅವರನ್ನೇ ನೋಡಿ. ಖಾಮಾ ಅನ್ನುವುದು ಅವರ ಅಜ್ಜ, ಅರಸ ಮೂರನೇ ಖಾಮಾನ ಹೆಸರು. ಸೆರೆಟ್ಸೆ ಅಂದರೆ ಬೆಸೆಯುವ ಜೇಡಿಮಣ್ಣು. ಅಜ್ಜನಿಗೂ ಅಪ್ಪನಿಗೂ ಬಹಳ ವರ್ಷ ಮನಸ್ತಾಪ, ಕೊನೆಗೆ ರಾಜಿಯಾದರು, 1921ರಲ್ಲಿ ಮಗು ಹುಟ್ಟಿತು, ಈ ಹೆಸರು ಬಂತು. ಹೆಸರಿನ ತಮಾಷೆ ನೋಡಿ, ಇದೇ ಸೆರೆಟ್ಸೆ 1948ರಲ್ಲಿ ಲಂಡನ್ನಿನಲ್ಲಿ ಇಂಗ್ಲಿಷ್ ಹುಡುಗಿ ರೂತ್ ವಿಲಿಯಮ್ಸ್‌ಳನ್ನು ಮದುವೆಯಾಗಿ ಚಿಕ್ಕಪ್ಪನ ಜೊತೆ ದೊಡ್ಡ ಜಗಳ ಮಾಡಿಕೊಂಡರು, ಬ್ರಿಟಿಷರು ಅವರನ್ನು ನಾಡಿನಿಂದಲೇ ಹೊರಗಿಟ್ಟರು, 1956ರಲ್ಲಿ ವಾಪಸ್ ಬಂದರು, ಹತ್ತು ವರ್ಷಕ್ಕೆ ಸ್ವತಂತ್ರ ದೇಶದ ಅಧ್ಯಕ್ಷರಾದರು.

ನಿಮ್ಮ ಓಟಗಾರ 19.46 ಸೆಕೆಂಡಿನಲ್ಲಿ ತಂದುಕೊಟ್ಟದ್ದು ಬೋಟ್ಸ್ವಾನಾದ ಮೊಟ್ಟಮೊದಲ ಒಲಿಂಪಿಕ್ ಚಿನ್ನ. ಅದಕ್ಕೆ ಕೆಲವೇ ತಿಂಗಳ ಹಿಂದೆ ತಾಯಿ ತೀರಿಕೊಂಡಿದ್ದರು. ಆ ದಿನ ಅವನ ಶೂ ಮೇಲೆ ತಾಯಿಯ ಹೆಸರಿನ ಮೊದಲಕ್ಷರಗಳೂ ಹುಟ್ಟಿದ ದಿನಾಂಕವೂ ಇದ್ದವು. ತಾಯಿಯ ಹೆಸರು ಸೆರಟಿವಾ. ಪ್ರೀತಿಸು ಅನ್ನುವ ‘ರಟಾ’ದಿಂದ ಬಂದದ್ದು, ನೀವು ಕೇಳಿರಬಹುದಾದ ‘ಲೆರಾಟೊ’ ಬಂದದ್ದೂ ಅಲ್ಲಿಂದಲೇ.

ಪ್ರಶ್ನೆ: ಆಫ್ರಿಕಾದವರು ಮಕ್ಕಳಿಗೆ ‘ಕಣ್ಣೀರು’ ಅಂತೆಲ್ಲ ಹೆಸರಿಡುತ್ತಾರಂತೆ. ಹುಟ್ಟುತ್ತಲೇ ಅಪಶಕುನ ಅಲ್ವಾ ಇದು? ಯಾರಾದರೂ ತಿಳಿದವರು ಹೇಳಬಾರದೇ ಅವರಿಗೆ?
— ನಿವೃತ್ತ ಮಾಸ್ತರ, ಲಕ್ಷ್ಮೇಶ್ವರ

ಉತ್ತರ: ಸರ್, ಮೊದಲು ಒಂದು ವಿಷಯ. ಆಫ್ರಿಕಾದಲ್ಲಿ ಐವತ್ತಕ್ಕಿಂತ ಜಾಸ್ತಿ ದೇಶಗಳಿವೆ, ಭಾಷೆಗಳಂತೂ ಲೆಕ್ಕಕ್ಕೇ ಸಿಗುವುದಿಲ್ಲ. ನೀವು ಹೇಳುತ್ತಿರುವುದು ಬಹುಶಃ ‘ದಿಕೆಲೆದಿ’ ಎಂಬ ಹೆಸರು. ಟ್ಸ್ವಾನಾ ಜನರ ಮನೆಗಳಲ್ಲೂ, ಅವರ ಭಾಷೆಗೆ ಹತ್ತಿರದ ಭಾಷೆ ಆಡುವ ಸೋಥೋ ಜನರ ಮನೆಗಳಲ್ಲೂ ಇದೆ, ಅರ್ಥ ಕಣ್ಣೀರೇ. ಮಗು ಹುಟ್ಟುವ ಹೊತ್ತಿಗೆ ಮನೆಯಲ್ಲಿ ಸಾವಾಗಿದ್ದರೆ ಇಂಥ ಹೆಸರು ಬರುತ್ತದೆ. ಅದೇ ಸಂದರ್ಭದಲ್ಲಿ ಇನ್ನೊಂದು ಮನೆಯವರು ‘ಖೊಮೊಟ್ಸೊ’ ಅಂತ ಇಡಬಹುದು, ಅಂದರೆ ಸಮಾಧಾನ. ದುಃಖ ಒಂದೇ, ಒಬ್ಬರು ಆದದ್ದನ್ನು ಹೇಳುತ್ತಾರೆ, ಇನ್ನೊಬ್ಬರು ಸಿಕ್ಕಿದ್ದನ್ನು ಹೇಳುತ್ತಾರೆ.

ಅಪಶಕುನ ಅನ್ನುವ ಮೊದಲು ನಿಮ್ಮ ಹಳೇ ಹಾಜರಿ ಪುಸ್ತಕ ಒಂದು ಸಲ ನೆನಪು ಮಾಡಿಕೊಳ್ಳಿ. ತಿಪ್ಪಣ್ಣ, ತಿಪ್ಪವ್ವ ಎಷ್ಟು ಜನ ಇದ್ದರು? ಹುಟ್ಟಿದ ಮಕ್ಕಳು ಉಳಿಯದಿದ್ದಾಗ ಕೂಸನ್ನು ತಿಪ್ಪೆ ಮೇಲೆ ಉರುಳಿಸಿ ತಂದು ಆ ಹೆಸರಿಡುತ್ತಿದ್ದರು, ಸಾವಿಗೂ ಬೇಡವೆನಿಸಲಿ ಅಂತ. ಸಾಲಾಗಿ ಹೆಣ್ಣೇ ಹುಟ್ಟಿದರೆ ಸಾಕವ್ವ. ಇದಕ್ಕೂ ಅಲ್ಲಿ ಜೋಡಿ ಇದೆ. ‘ಮೊಸಿಮನೆಗಪೆ’ ಅಂದರೆ ‘ಮತ್ತೆ ಗಂಡು’. ಮತ್ತೆ ಹೆಣ್ಣು ಅನ್ನುವುದೂ ಇದೆ, ‘ಮೊಸೆಟ್ಸನಗಪೆ’. ನನ್ನನ್ನು ಕೇಳಿದರೆ ಸಾಕವ್ವನಿಗಿಂತ ಇದು ಎಷ್ಟೋ ವಾಸಿ, ಬೇಡ ಅಂತ ಹೇಳುವುದಿಲ್ಲವಲ್ಲ! ನಿಮ್ಮ ಪಕ್ಕದ ಶಿರಹಟ್ಟಿಯ ಫಕ್ಕೀರೇಶನಿಗೆ ಹರಕೆ ಹೊತ್ತು ಹುಟ್ಟಿದ ಫಕ್ಕೀರಪ್ಪ, ಫಕ್ಕೀರವ್ವ ಅಂತೂ ಈ ಮೂರು ಜಿಲ್ಲೆಯಲ್ಲಿ ಕರೆದರೆ ಬಸ್ಸಿನಲ್ಲಿ ನಾಲ್ಕು ಜನ ತಿರುಗಿ ನೋಡುತ್ತಾರೆ. ಹರಕೆಯಿಂದ ಬಂದ ಮಗುವಿಗೆ ಅಲ್ಲಿ ‘ಕೆಅಬೆಟ್ಸ್ವೆ’, ನನಗೆ ದಯಪಾಲಿಸಿದ್ದು, ಅಥವಾ ‘ರೆಫಿಲ್ವೆ’, ನಮಗೆ ಕೊಟ್ಟದ್ದು. ‘ಮ್ಫೊ’ ಅಂದರೆ ಬರೀ ‘ಕೊಡುಗೆ’. ಆ ಮ್ಫೊದಲ್ಲಿರುವುದು ಫ್ಯಾನಿನ ಫ ಅಲ್ಲ, ನೀವು ಶಾಲೆಯಲ್ಲಿ ಕಲಿಸಿದ ಅಪ್ಪಟ ಮಹಾಪ್ರಾಣ, ‘ಫಲ’ದಲ್ಲಿ ಇರುವಂಥದ್ದು. ಇಂಗ್ಲಿಷಿನವರು ಅಲ್ಲಿ ತಡವರಿಸುತ್ತಾರೆ. ನಮ್ಮ ಮಾಸ್ತರರಿಗೆ ಕಷ್ಟವಿಲ್ಲ.

ಹೇಳಬೇಕಾದವರು ಯಾರು, ಯಾರಿಗೆ ಅನ್ನೋದನ್ನು ನಿಮಗೇ ಬಿಟ್ಟಿದ್ದೇನೆ.

ಪ್ರಶ್ನೆ: ಮಗಳನ್ನು ಮುಂದಿನ ತಿಂಗಳು ತೊಟ್ಟಿಲಿಗೆ ಹಾಕುತ್ತಿದ್ದೇವೆ. ಮೊಬೈಲ್ ಆ್ಯಪ್‌ನಲ್ಲಿ ‘ನಲೆದಿ’ ಅಂತ ಸಿಕ್ಕಿತು, ‘ಸಂಸ್ಕೃತ, ನಕ್ಷತ್ರ’ ಅಂತ ಹಾಕಿದ್ದಾರೆ. ಇಡಬಹುದಾ?
— ದಂಪತಿ, ಹಾವೇರಿ

ಉತ್ತರ: ನಕ್ಷತ್ರ ಸರಿ, ಸಂಸ್ಕೃತ ಸುಳ್ಳು. ಆ್ಯಪ್ ಮಾಡಿದವರಿಗೆ ಏನು ಗೊತ್ತು, ಯಾವುದಕ್ಕಾದರೂ ಸಂಸ್ಕೃತ ಅಂತ ಬರೆದರೆ ಜನ ಒಪ್ಪುತ್ತಾರೆ ಅಂತ ಮಾತ್ರ ಗೊತ್ತು. ನಲೆದಿ ಅಪ್ಪಟ ಟ್ಸ್ವಾನಾ-ಸೋಥೋ ಪದ. 2013ರಲ್ಲಿ ದಕ್ಷಿಣ ಆಫ್ರಿಕಾದ ರೈಸಿಂಗ್ ಸ್ಟಾರ್ ಗುಹೆಯಲ್ಲಿ ಹಳೇ ಕಾಲದ, ಸಣ್ಣ ಮಿದುಳಿನ ಒಂದು ಮಾನವ ಜಾತಿಯ ಎಲುಬುಗಳು ಸಿಕ್ಕವು. 2015ರಲ್ಲಿ ವಿಜ್ಞಾನಿಗಳು ಅದಕ್ಕೆ ಇಟ್ಟ ಹೆಸರು ಹೋಮೋ ನಲೆದಿ, ಗುಹೆಯ ಹೆಸರಲ್ಲೂ ನಕ್ಷತ್ರ ಇತ್ತಲ್ಲ ಅದಕ್ಕೆ. ಮುಂದೆ ಮಗಳು ಹೆಸರು ಗೂಗಲ್ ಮಾಡಿದರೆ ಮೊದಲು ಬರುವುದು ಒಂದು ತಲೆಬುರುಡೆಯ ಚಿತ್ರ, ಈಗಲೇ ಹೇಳಿಬಿಟ್ಟಿದ್ದೇನೆ.

ಅದಕ್ಕೆ ತಕರಾರಿಲ್ಲ ಅಂದರೆ ಧಾರಾಳವಾಗಿ ಇಡಿ. ಕಿವಿಯಲ್ಲಿ ಹೆಸರು ಹೇಳುವ ಸೋದರತ್ತೆಗೆ ಒಂದು ವಾರ ಮೊದಲೇ ಹೇಳಿಕೊಡಿ, ಇಲ್ಲದಿದ್ದರೆ ತೊಟ್ಟಿಲಲ್ಲೇ ನಳಿನಿ ಆಗಿಬಿಡುತ್ತದೆ.