ಮೆಲನೊಸೀಟಸ್ ಜಾನ್ಸೋನಿಯೈ ಎಂಬ ಹೆಸರನ್ನು ಕನ್ನಡಕ್ಕೆ ತಿರುಗಿಸಬೇಕೆ?

ಶಾಲೆಯ ಭಿತ್ತಿಪತ್ರಿಕೆಗೆ ಆಳಸಮುದ್ರದ ಗಾಳಮೀನಿನ (ಇಂಗ್ಲಿಷಿನಲ್ಲಿ ಆಂಗ್ಲರ್‌ಫಿಶ್) ಬಗ್ಗೆ ಬರೆಯುತ್ತಿದ್ದೀರಿ. ಅದರ ವೈಜ್ಞಾನಿಕ ಹೆಸರಿನ ಅರ್ಥವೇನು, ಮಕ್ಕಳ ನಾಲಿಗೆಗೆ ಹೊರಳದ ಆ ಹೆಸರಿನ ಬದಲು ‘ಜಾನ್ಸನ್ನನ ಕಪ್ಪು ತಿಮಿಂಗಿಲ’ ಎನ್ನುವುದು ಮೇಲೋ, ‘ಕೃಷ್ಣ ತಿಮಿಂಗಿಲ’ ಎನ್ನುವುದು ಮೇಲೋ ಎಂದು ಕೇಳಿದ್ದೀರಿ. ಇವೆರಡರಲ್ಲಿ ಮೊದಲನೆಯದನ್ನು ನಾನು ಸುಮಾರು ಇಪ್ಪತ್ತು ವರ್ಷಗಳ ಹಿಂದೆ ಅಚ್ಚಿನಲ್ಲಿ ಬರೆದಿದ್ದೇನೆ. ಆದ್ದರಿಂದ ಯಾವುದು ಮೇಲೆಂದು ತೂಗಿ ಹೇಳುವ ಮನಸ್ಸು ನನಗಿಲ್ಲ. ಎರಡನ್ನೂ ಬರೆಯಬೇಡಿರಿ ಎಂದು ಕೇಳಿಕೊಳ್ಳುತ್ತೇನೆ.

ಆಗ ನಾನು ಗದಗಿನಲ್ಲಿದ್ದೆ. ಧಾರವಾಡದಲ್ಲಿ ಪ್ರಾಣಿಶಾಸ್ತ್ರ ಓದಿ ಬಂದು ಕಾಲೇಜೊಂದರಲ್ಲಿ ಪಾಠ ಹೇಳುತ್ತಿದ್ದವನು, ಹುಬ್ಬಳ್ಳಿಯಿಂದ ಬರುತ್ತಿದ್ದ ಪತ್ರಿಕೆಯೊಂದರ ಭಾನುವಾರದ ಪುರವಣಿಗೆ ಆಳಸಮುದ್ರದ ಜೀವಿಗಳ ಕುರಿತು ಹನ್ನೆರಡು ಕಂತುಗಳ ಲೇಖನಮಾಲೆ ಬರೆಯಲು ಒಪ್ಪಿಕೊಂಡಿದ್ದೆ. ಊರಿನ ಭೀಷ್ಮ ಕೆರೆಗಿಂತ ದೊಡ್ಡ ನೀರನ್ನು ಕಣ್ಣಾರೆ ಕಾಣದ ನಮ್ಮ ಮಕ್ಕಳಿಗೆ, ಬೆಳಕೇ ಇಳಿಯದ ಆಳದಲ್ಲಿ ಹಣೆಯ ಮೇಲೆ ದೀಪ ಹೊತ್ತು ಬದುಕುವ ಮೀನನ್ನು ತೋರಿಸಬೇಕೆಂಬ ಆಸೆ ನನ್ನದು. ಎರಡನೆಯ ಕಂತಿಗೆ ಈ ಮೀನನ್ನೇ ಆರಿಸಿಕೊಂಡೆ. ಹೆಸರು ಮಕ್ಕಳಿಗೆ ಕಠಿಣವಾಗುತ್ತದೆ ಎಂದು, ಈಗ ನೀವು ಯೋಚಿಸುತ್ತಿರುವಂತೆಯೇ ಯೋಚಿಸಿ, ನಿಘಂಟು ತೆಗೆದೆ.

ನನ್ನ ತಪ್ಪು ಆದ ಬಗೆಯನ್ನು ಬಿಡಿಸಿ ಹೇಳಬೇಕು, ಏಕೆಂದರೆ ಅದರ ಒಂದೊಂದು ಹೆಜ್ಜೆಯೂ ಸರಿಯಾಗಿಯೇ ಕಾಣುತ್ತಿತ್ತು. ‘ಮೆಲಸ್’ ಎಂದರೆ ಗ್ರೀಕ್ ಭಾಷೆಯಲ್ಲಿ ಕಪ್ಪು. ನಮ್ಮ ಚರ್ಮಕ್ಕೆ ಬಣ್ಣ ಕೊಡುವ ಮೆಲನಿನ್ ಎಂಬ ಮಾತಿನಲ್ಲಿ ಇರುವುದೂ ಅದೇ. ‘ಸೀಟಸ್’ ಎಂಬುದರ ಮೂಲವಾದ ‘ಕೀಟೋಸ್’ ಎಂಬುದಕ್ಕೆ ನಿಘಂಟಿನಲ್ಲಿ ಎರಡು ಅರ್ಥಗಳಿದ್ದವು: ತಿಮಿಂಗಿಲ, ಮತ್ತು ಸಮುದ್ರದ ಯಾವುದೇ ಭಾರಿ ಪ್ರಾಣಿ. ನಾನು ಮೊದಲನೆಯದನ್ನು ತೆಗೆದುಕೊಂಡೆ. ಪ್ರಾಚೀನ ಗ್ರೀಕರಿಗೆ ಆ ಮಾತು ಒಂದು ನಿರ್ದಿಷ್ಟ ಪ್ರಾಣಿಯ ಹೆಸರಾಗಿರಲಿಲ್ಲ. ಕಡಲಿನಿಂದ ಏಳುವ ಭಯಂಕರ ಜೀವಿಗಳೆಲ್ಲ ಅದರೊಳಗೆ ಬರುತ್ತಿದ್ದವು. ತಿಮಿಂಗಿಲಗಳ ಗಣಕ್ಕೆ ಅದೇ ಮಾತಿನಿಂದ ಹೆಸರು ಬಂದದ್ದು ಬಹಳ ತಡವಾಗಿ. ಅರ್ಥ ಹೇಳಲೇಬೇಕೆಂದಿದ್ದರೆ ಲಕ್ಕುಂಡಿಯ ಗುಡಿಗಳ ಕಲ್ಲಿನಲ್ಲಿ ಬಾಯಿ ತೆರೆದು ನಿಂತಿರುವ ಮಕರ ನನಗೆ ಹನ್ನೊಂದು ಕಿಲೋಮೀಟರಿನಷ್ಟು ಹತ್ತಿರದಲ್ಲಿತ್ತು, ಅರ್ಥದಲ್ಲಿಯೂ ಅದೇ ಹತ್ತಿರದ್ದಾಗಿತ್ತು. ಅದು ನನಗೆ ಹೊಳೆಯಲಿಲ್ಲ. ‘ಜಾನ್ಸೋನಿಯೈ’ ಎಂದರೆ ‘ಜಾನ್ಸನ್ನನ’ ಎಂದು ಷಷ್ಠೀ ವಿಭಕ್ತಿ ಹಚ್ಚಿ, ಹೆಸರನ್ನು ಪೂರ್ತಿ ಕನ್ನಡಕ್ಕೆ ತಂದ ಸಂತೋಷದಲ್ಲಿ ಮೂಲ ಹೆಸರನ್ನು ಹಸ್ತಪ್ರತಿಯಿಂದಲೇ ಹೊಡೆದುಹಾಕಿದೆ.

ಅರ್ಥವನ್ನು ತಪ್ಪಾಗಿ ಹಿಡಿದದ್ದು ಇದರಲ್ಲಿ ಚಿಕ್ಕ ತಪ್ಪು. ದೊಡ್ಡ ತಪ್ಪು ಆ ಹೊಡೆದುಹಾಕಿದ ಗೀಟು. ಮೂಲ ಹೆಸರು ಅಲ್ಲಿ ಉಳಿದಿದ್ದರೆ ಪತ್ರಿಕೆಯವರಾಗಲಿ ಓದುಗರಾಗಲಿ ಅದನ್ನು ಹಿಡಿದು ಹುಡುಕಿ, ಇದು ಯಾವ ಪ್ರಾಣಿ ಎಂದು ತಿಳಿದುಕೊಳ್ಳಬಹುದಿತ್ತು. ನಾನು ಬಿಟ್ಟದ್ದು ‘ಕಪ್ಪು ತಿಮಿಂಗಿಲ’ ಎಂಬ ಎರಡು ಪದಗಳನ್ನು ಮಾತ್ರ. ಅವನ್ನು ಓದಿದ ಯಾರೇ ಆದರೂ ಮಾಡುವುದನ್ನೇ ಪುಟ ಕಟ್ಟಿದವರು ಮಾಡಿದರು: ಲೇಖನದ ನಡುವೆ ನೀರು ಚಿಮ್ಮುವ ಭಾರಿ ತಿಮಿಂಗಿಲದ ಚಿತ್ರವಿಟ್ಟರು. ಅವರದು ಏನೂ ತಪ್ಪಿಲ್ಲ.

ಈಗ ಆ ಮೀನಿನ ಅಳತೆಯನ್ನು ಕೇಳಿರಿ. ಹೆಣ್ಣು ಹೆಚ್ಚೆಂದರೆ 18 ಸೆಂಟಿಮೀಟರ್, ಎಂದರೆ ನಮ್ಮ ಒಂದು ಗೇಣಿಗಿಂತ ತುಸು ಕಡಿಮೆ. ಗಂಡು 3 ಸೆಂಟಿಮೀಟರನ್ನೂ ಮುಟ್ಟುವುದಿಲ್ಲ. ತಿಮಿಂಗಿಲ ಸಸ್ತನಿ, ಶ್ವಾಸಕೋಶದಿಂದ ಉಸಿರಾಡುತ್ತದೆ, ಮರಿ ಹಾಕಿ ಹಾಲುಣಿಸುತ್ತದೆ; ಇದು ಕಿವಿರಿನಿಂದ ಉಸಿರಾಡಿ ಮೊಟ್ಟೆಯಿಡುವ ಮೀನು.

ಲೇಖನ ಬಂದು ಎರಡು ತಿಂಗಳಾದ ಮೇಲೆ ಗದಗಿನ ಶಾಲೆಯೊಂದರ ವಿಜ್ಞಾನ ಪ್ರದರ್ಶನಕ್ಕೆ ನನ್ನನ್ನು ತೀರ್ಪುಗಾರನಾಗಿ ಕರೆದಿದ್ದರು. ಎಂಟನೆಯ ತರಗತಿಯ ಹುಡುಗಿಯೊಬ್ಬಳು ಥರ್ಮಾಕೋಲಿನಲ್ಲಿ ಮೊಳದುದ್ದದ ತಿಮಿಂಗಿಲವನ್ನು ಕತ್ತರಿಸಿ, ಕಪ್ಪು ಬಣ್ಣ ಬಳಿದು, ನೀಲಿ ಹಾಳೆಯ ಮೇಲೆ ಅಂಟಿಸಿದ್ದಳು. ಅದರ ಹಣೆಯಿಂದ ಒಂದು ಸಣ್ಣ ತಂತಿ ಹೊರಟು, ತುದಿಯಲ್ಲಿ ಟಾರ್ಚಿನ ಬಲ್ಬು ಉರಿಯುತ್ತಿತ್ತು. ಬದಿಯಲ್ಲಿ ನನ್ನ ಲೇಖನದ ಕತ್ತರಿಕೆ. ನನ್ನ ಜೊತೆಗಿದ್ದ ಇನ್ನೊಬ್ಬ ತೀರ್ಪುಗಾರರು, ‘ತಿಮಿಂಗಿಲಕ್ಕ ದೀಪ ಎಲ್ಲಿಂದ ಬಂತವಾ?’ ಎಂದು ಕೇಳಿದರು. ಅವಳು ಕತ್ತರಿಕೆಯ ಮೇಲೆ ಬೆರಳಿಟ್ಟು, ‘ಪೇಪರಿನ್ಯಾಗ ಬಂದೈತ್ರಿ ಸರ್’ ಎಂದಳು. ಆ ಬಲ್ಬಿಗೆ ಅವಳು ಎಷ್ಟು ಜಾಗ್ರತೆಯಿಂದ ತಂತಿ ಸುತ್ತಿದ್ದಳೆಂಬುದು ನನಗೆ ಇಂದಿಗೂ ಕಣ್ಣಿಗೆ ಕಟ್ಟಿದಂತಿದೆ. ಆ ಕತ್ತರಿಕೆ ನನ್ನದೆಂದು ಅಲ್ಲಿಯೇ ಹೇಳಿದೆ, ತಪ್ಪು ಅವಳದಲ್ಲ ಎಂದೂ ಹೇಳಿದೆ. ಆದರೂ ಅಂಕಗಳ ಹಾಳೆಯಲ್ಲಿ ಆ ಮಾದರಿ ‘ಮಾಹಿತಿ ದೋಷ’ ಎಂದೇ ದಾಖಲಾಯಿತು. ಅದೇ ವಾರ ಪುರವಣಿಗೆ ಓದುಗರೊಬ್ಬರ ಪತ್ರ ಬಂದು, ನನ್ನ ಲೇಖನಮಾಲೆ ಅಷ್ಟಕ್ಕೇ ನಿಂತಿತು. ಉಳಿದ ಕಂತುಗಳ ಹಸ್ತಪ್ರತಿಗಳು ನನ್ನ ಬಳಿಯೇ ಉಳಿದವು. ಅದಕ್ಕಾಗಿ ನನಗಾದ ದುಃಖ ಆ ಹುಡುಗಿಯ ಮುಂದೆ ನಿಂತಾಗ ಆದದ್ದಕ್ಕೆ ಸಮನಲ್ಲ.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. ಅರ್ಥ ಗೊತ್ತಾದರೆ ಪ್ರಾಣಿ ಗೊತ್ತಾಗುತ್ತದೆ ಎಂಬ ನಂಬಿಕೆ ನಿಮ್ಮ ಪ್ರಶ್ನೆಯ ಬುಡದಲ್ಲಿದೆ. ಅದನ್ನು ನಾನು ಒಪ್ಪುವುದಿಲ್ಲ. ವೈಜ್ಞಾನಿಕ ಹೆಸರು ಅಂಕಿತನಾಮ, ವರ್ಣನೆಯಲ್ಲ. ನಮ್ಮ ಕಡೆಯ ಅಡ್ಡಹೆಸರುಗಳನ್ನೇ ನೋಡಿರಿ. ಮೆಣಸಿನಕಾಯಿ, ಉಳ್ಳಾಗಡ್ಡಿ, ಬೆಲ್ಲದ ಎಂಬ ಮನೆತನಗಳು ಊರೂರಿಗೂ ಇವೆ. ಮೆಣಸಿನಕಾಯಿಯವರು ಬೆಂಗಳೂರಿಗೆ ಹೋದರೆಂದು ಅವರ ಹೆಸರನ್ನು ಯಾರೂ ಇಂಗ್ಲಿಷಿಗೆ ತಿರುಗಿಸುವುದಿಲ್ಲ, ಅವರ ಮನೆಯಲ್ಲಿ ಈಗ ಮೆಣಸಿನಕಾಯಿ ವ್ಯಾಪಾರವಿಲ್ಲ ಎಂದು ಹೆಸರನ್ನು ಕಿತ್ತುಕೊಳ್ಳುವುದೂ ಇಲ್ಲ. ಪ್ರಾಣಿಗಳ ನಾಮಕರಣದ ಅಂತರರಾಷ್ಟ್ರೀಯ ಸಂಹಿತೆಯ 18ನೆಯ ವಿಧಿ ಹೇಳುವುದೂ ಇದನ್ನೇ: ಹೆಸರು ಪ್ರಾಣಿಗೆ ಹೊಂದುವುದಿಲ್ಲ ಎಂಬ ಕಾರಣಕ್ಕೆ ಅದು ಅಸಿಂಧುವಾಗುವುದಿಲ್ಲ. 1864ರಲ್ಲಿ ಪ್ರಾಣಿಶಾಸ್ತ್ರಜ್ಞ ಆಲ್ಬರ್ಟ್ ಗುಂಥರ್ ಒಂದು ಗೇಣೂ ಇರದ ಮೀನಿಗೆ ‘ಕಪ್ಪು ಕಡಲಮೃಗ’ ಎಂಬ ಅರ್ಥದ ಹೆಸರಿಟ್ಟರು. ಅದು ಇಂದಿಗೂ ಊರ್ಜಿತವಾಗಿದೆ. ಕನ್ನಡದ ತಿಮಿಂಗಿಲವೆಂಬ ಮಾತೂ ‘ತಿಮಿಯೆಂಬ ಮೀನನ್ನು ನುಂಗುವುದು’ ಎಂಬ ಅರ್ಥದ್ದು. ಆ ಅರ್ಥವನ್ನು ಹಿಡಿದು ತಿಮಿಂಗಿಲವನ್ನು ಮೀನುಗಳ ಸಾಲಿಗೆ ಸೇರಿಸಿದರೆ ಆಗುವ ಪ್ರಮಾದ ನನ್ನದಕ್ಕಿಂತ ಬೇರೆಯೇನಲ್ಲ.

ಆಳಸಮುದ್ರದ ಮೀನುಗಳ ವಿಷಯದಲ್ಲಿ ಈ ಎಚ್ಚರಿಕೆ ಇನ್ನೂ ಹೆಚ್ಚು ಬೇಕು, ಏಕೆಂದರೆ ಅವುಗಳಲ್ಲಿ ಬಹಳಷ್ಟಕ್ಕೆ ಹೆಸರಿಟ್ಟವರು ಅವನ್ನು ಜೀವಂತವಾಗಿ ನೋಡಿರಲಿಲ್ಲ. ಮ್ಯಾಕ್ರೊಪಿನ್ನ ಮೈಕ್ರೊಸ್ಟೋಮ ಎಂಬ ಮೀನಿಗೆ 1939ರಲ್ಲಿ ಆ ಹೆಸರು ಬಂತು; ‘ದೊಡ್ಡ ರೆಕ್ಕೆಯ, ಸಣ್ಣ ಬಾಯಿಯ’ ಎಂದು ಅರ್ಥ. ಆ ಮೀನಿನ ವಿಸ್ಮಯವಿರುವುದು ಗಾಜಿನಂತೆ ಪಾರದರ್ಶಕವಾದ ಅದರ ತಲೆಯಲ್ಲಿ. ಬಲೆಯಲ್ಲಿ ಮೇಲಕ್ಕೆ ಎಳೆಯುವಾಗ ಆ ಪಾರದರ್ಶಕ ಹೊದಿಕೆ ಹರಿದುಹೋಗುತ್ತಿದ್ದುದರಿಂದ ಅದು ಹೆಸರಿನೊಳಗೆ ಬರಲೇ ಇಲ್ಲ. ಆ ಹೊದಿಕೆಯೊಳಗೆ ಅದರ ಕಣ್ಣುಗಳು ತಿರುಗುತ್ತವೆ ಎಂಬುದನ್ನು ಕ್ಯಾಲಿಫೋರ್ನಿಯಾದ ಮಾಂಟೆರೆ ಕೊಲ್ಲಿಯ ಸಂಶೋಧಕರು ಪ್ರಕಟಿಸಿದ್ದು 2008ರ ಕೊನೆಯ ಹೊತ್ತಿಗೆ, ಜಗತ್ತಿಗೆಲ್ಲ ಸುದ್ದಿಯಾದದ್ದು 2009ರಲ್ಲಿ. ಹೆಸರಿನ ಅರ್ಥವನ್ನಷ್ಟೇ ಅನುವಾದಿಸಿದವನ ಕೈಗೆ ರೆಕ್ಕೆ ಮತ್ತು ಬಾಯಿ ಸಿಗುತ್ತವೆ, ಕಣ್ಣು ಸಿಗುವುದಿಲ್ಲ.

ಹಾಗಾದರೆ ‘ಗಾಳಮೀನು’ ಎಂದಷ್ಟೇ ಬರೆದರೆ ಸಾಲದೇ ಎಂದು ಕೇಳಬಹುದು. ಸಾಲದು. ಗಂಡು ಮೀನು ಹೆಣ್ಣಿನ ಮೈಗೆ ಕಚ್ಚಿಕೊಂಡು, ಚರ್ಮವೂ ರಕ್ತನಾಳಗಳೂ ಬೆಸೆದುಕೊಂಡು, ಕೊನೆಯವರೆಗೂ ಅಲ್ಲಿಯೇ ಉಳಿಯುವ ಸಂಗತಿಯನ್ನು ನೀವು ಓದಿರುತ್ತೀರಿ. ಅದು ಸೆರೇಷಿಯಸ್ ಹೋಲ್‌ಬೆಲ್ಲಿ ಎಂಬ ಬೇರೆ ಗಾಳಮೀನಿನಲ್ಲಿ ಕಂಡದ್ದು. 1922ರಲ್ಲಿ ಐಸ್‌ಲ್ಯಾಂಡಿನ ಬ್ಯಾರ್ನಿ ಸೈಮಂಡ್ಸನ್ ಅಂಟಿಕೊಂಡಿದ್ದ ಸಣ್ಣ ಮೀನುಗಳನ್ನು ಮರಿಗಳೆಂದು ತಿಳಿದರು, 1925ರಲ್ಲಿ ಇಂಗ್ಲೆಂಡಿನ ಟೇಟ್ ರೀಗನ್ ಅವು ಗಂಡುಗಳೆಂದು ತೋರಿಸಿಕೊಟ್ಟರು. ನಿಮ್ಮ ಮೆಲನೊಸೀಟಸ್‌ನಲ್ಲಿ ಗಂಡು ಸ್ವಲ್ಪ ಕಾಲ ಅಂಟಿಕೊಂಡು ಬಿಟ್ಟುಹೋಗುತ್ತದೆ, ಬೆಸೆದುಕೊಳ್ಳುವುದಿಲ್ಲ. 2025ರ ಜನವರಿ ಕೊನೆಯಲ್ಲಿ ಕೆನರಿ ದ್ವೀಪಗಳ ತೆನೆರಿಫೆಯ ಬಳಿ ಈ ಮೀನು ಹಗಲಿನಲ್ಲಿ ನೀರಿನ ಮೇಲ್ಭಾಗಕ್ಕೆ ಬಂದಾಗಿನ ಚಿತ್ರ ಎಲ್ಲ ಕಡೆ ಹರಿದಾಡಿತಲ್ಲ, ಆಗ ಒಂದು ಮೀನಿನ ಚಿತ್ರಕ್ಕೆ ಇನ್ನೊಂದು ಮೀನಿನ ಕಥೆ ಹಚ್ಚಿದ ಬರಹಗಳನ್ನು ನಾನೇ ಓದಿದ್ದೇನೆ. ವೈಜ್ಞಾನಿಕ ಹೆಸರು ಇರುವುದು ಈ ಗೋಜಲನ್ನು ತಪ್ಪಿಸುವುದಕ್ಕೆ.

ಬಳಕೆಯ ಕ್ರಮ ಕಷ್ಟದ್ದಲ್ಲ. ಮೊದಲ ಪದ ಕುಲದ ಹೆಸರು, ಎರಡನೆಯದು ಪ್ರಭೇದದ್ದು. ರೋಮನ್ ಲಿಪಿಯಲ್ಲಿ ಕುಲದ ಮೊದಲ ಅಕ್ಷರ ಮಾತ್ರ ದೊಡ್ಡದು; ಅಚ್ಚಿನಲ್ಲಾದರೆ ಓರೆ ಅಕ್ಷರ, ಕೈಬರಹದಲ್ಲಾದರೆ ಅಡಿಗೆರೆ. ಕನ್ನಡದಲ್ಲಿ ದೊಡ್ಡ ಅಕ್ಷರ, ಸಣ್ಣ ಅಕ್ಷರ ಎಂಬ ಭೇದವಿಲ್ಲದ ಕಾರಣ, ನಿಮ್ಮ ಭಿತ್ತಿಪತ್ರಿಕೆಯಲ್ಲಿ ಒಂದು ಸಲವಾದರೂ ರೋಮನ್ ಲಿಪಿಯಲ್ಲಿ ಹೆಸರನ್ನು (Melanocetus johnsonii) ಕೊಡಲೇಬೇಕು. ಅದರಲ್ಲಿ ಜಾನ್ಸೋನಿಯೈ ಎಂಬುದರ ಕೊನೆಗೆ ರೋಮನ್ ಲಿಪಿಯ ‘ಐ’ (i) ಅಕ್ಷರ ಎರಡು ಸಲ ಬರುತ್ತದೆ. ಅದು ಅಚ್ಚಿನ ತಪ್ಪೆಂದು ಒಂದನ್ನು ತೆಗೆಯಬೇಡಿರಿ. ಮಡೀರಾ ದ್ವೀಪದಲ್ಲಿ ನೆಲೆಸಿದ್ದ ಇಂಗ್ಲಿಷ್ ನಿಸರ್ಗತಜ್ಞ ಜೇಮ್ಸ್ ಯೇಟ್ ಜಾನ್ಸನ್ ಅವರ ಗೌರವಾರ್ಥ ಬಂದ ಪದ ಅದು. ಮೀನು ಅವರ ಸ್ವತ್ತೆಂದು ಅದರ ಅರ್ಥವಲ್ಲ.

ಎರಡನೆಯ ಪದವನ್ನು ಒಂಟಿಯಾಗಿ ಬಳಸಬೇಡಿರಿ. ಅದೇ ಗುಂಥರ್ 1862ರಲ್ಲಿ ಹ್ಯಾಲಾರ್ಜಿರಿಯಸ್ ಜಾನ್ಸೋನಿಯೈ ಎಂಬ ಬೇರೊಂದು ಆಳಸಮುದ್ರದ ಮೀನಿಗೂ ಹೆಸರಿಟ್ಟಿದ್ದಾರೆ. ಹೆಸರಿಟ್ಟವರನ್ನೂ ವರ್ಷವನ್ನೂ ಸೇರಿಸುವುದಾದರೆ ‘ಗುಂಥರ್, 1864’ ಎಂದು ಆವರಣವಿಲ್ಲದೆ ಬರೆಯಿರಿ. ಆವರಣ ಬರುವುದು ಪ್ರಭೇದವನ್ನು ಮೊದಲು ಇಟ್ಟ ಕುಲದಿಂದ ಬೇರೆ ಕುಲಕ್ಕೆ ಸಾಗಿಸಿದಾಗ ಮಾತ್ರ. ಒಣಗಿಸಿ ಮಾರುವ ಬೊಂಬಿಲ್ ಮೀನಿನ ಹೆಸರಿನ ಮುಂದೆ ‘ಹ್ಯಾಮಿಲ್ಟನ್, 1822’ ಎಂಬುದು ಆವರಣದೊಳಗಿರುವುದು ಈ ಕಾರಣದಿಂದ. ಅವರು ಬೇರೆ ಯಾರೂ ಅಲ್ಲ, 1800–01ರಲ್ಲಿ ಮೈಸೂರು, ಕೆನರಾ ಸೀಮೆಗಳನ್ನು ಸುತ್ತಿ ವರದಿ ಬರೆದ ಬುಕಾನನ್. ಮುಂದೆ ಹ್ಯಾಮಿಲ್ಟನ್ ಎಂದು ಹೆಸರು ಬದಲಿಸಿಕೊಂಡರು.

ಕನ್ನಡದಲ್ಲಿ ಒಂದು ಹೆಸರು ಬೇಕೇ ಬೇಕು ಎಂಬ ನಿಮ್ಮ ಆಸೆ ಸರಿಯಾದದ್ದು. ಆದರೆ ಅದನ್ನು ಗ್ರೀಕ್ ನಿಘಂಟಿನಿಂದ ತೆಗೆಯದೆ ಮೀನನ್ನು ನೋಡಿ ಇಡಿರಿ. ನಮ್ಮ ಹೊಳೆಯ ದಂಡೆಯ ಜನ ಹಾವಿನಂತೆ ಕಂಡದ್ದನ್ನು ಹಾವುಮೀನು ಎಂದರು. ನಾನಾದರೆ ಇದನ್ನು ‘ಕರಿ ಗಾಳಮೀನು’ ಎನ್ನುತ್ತೇನೆ, ಮತ್ತು ಪಕ್ಕದಲ್ಲಿ ಪೂರ್ತಿ ವೈಜ್ಞಾನಿಕ ಹೆಸರನ್ನು ಇಡುತ್ತೇನೆ. ಮಕ್ಕಳ ನಾಲಿಗೆಗೆ ಕಷ್ಟ ಎನ್ನುವುದು ನಮ್ಮ, ಅಂದರೆ ದೊಡ್ಡವರ, ಊಹೆ. ಟೈರನೊಸಾರಸ್ ಎಂದು ತೊದಲದೆ ಹೇಳುವ ಆರು ವರ್ಷದ ಮಕ್ಕಳನ್ನು ನೀವೂ ನೋಡಿದ್ದೀರಿ.

ಮರುವರ್ಷ ನಾನೇ ಕೇಳಿಕೊಂಡು ಆ ಶಾಲೆಗೆ ಹೋದೆ. ಅದೇ ಹುಡುಗಿ ಅಡಿಪಟ್ಟಿ ಹಿಡಿದು ಕರಿಹಲಗೆಯ ಮೇಲೆ 18 ಸೆಂಟಿಮೀಟರ್ ಅಳೆದು ಹೆಣ್ಣು ಮೀನನ್ನು ಬರೆದಳು, ಅದರ ಬಾಲದ ಹತ್ತಿರ ಹೆಬ್ಬೆರಳಿನ ಒಂದು ಗೆಣ್ಣಿನಷ್ಟು ಗಂಡನ್ನು ಬರೆದಳು, ಕೆಳಗೆ ರೋಮನ್ ಲಿಪಿಯಲ್ಲಿ ಹೆಸರು ಬರೆದು ಎರಡೂ ಪದಗಳಿಗೆ ಅಡಿಗೆರೆ ಎಳೆದಳು. ನೀವೂ ಚಿತ್ರವನ್ನು ನಿಜವಾದ ಅಳತೆಯಲ್ಲಿಯೇ ಬರೆಯಿಸಿರಿ. ಎ-ನಾಲ್ಕು ಅಳತೆಯ ಒಂದೇ ಹಾಳೆಯಲ್ಲಿ ಎರಡೂ ಮೀನುಗಳು ಹಿಡಿಯುತ್ತವೆ, ಹೆಸರಿಗೂ ಜಾಗ ಉಳಿಯುತ್ತದೆ.