500 ಎಂಬಿಯಲ್ಲಿ ಜಿಟಿಎ 5 ಬರುತ್ತಾ?

ಪ್ರಶ್ನೆ: ನಮ್ಮದು ರೇಷ್ಮೆ ನೂಲಿನ ವ್ಯಾಪಾರ. ಲೆಕ್ಕ, ಬ್ಯಾಂಕ್ ಕೆಲಸ ಎಲ್ಲಾ ಒಂದೇ ಕಂಪ್ಯೂಟರಿನಲ್ಲಿ. ಪಿಯುಸಿ ಓದುವ ತಮ್ಮ ಅದರಲ್ಲೇ ‘ಜಿಟಿಎ 5 ಹೈಲಿ ಕಂಪ್ರೆಸ್ಡ್, 500 ಎಂಬಿ’ ಅಂತ, ಅಂದರೆ ತುಂಬಾ ಕುಗ್ಗಿಸಿದ ಗೇಮ್ ಅಂತ, ಒಂದು ಫೈಲ್ ಇಳಿಸಿದ್ದಾನೆ. ಆಂಟಿವೈರಸ್ ಆಫ್ ಮಾಡಿ ಅಂತ ಬರೆದಿತ್ತಂತೆ, ಮಾಡಿದ. ಸೆಟಪ್ ಒತ್ತಿದಾಗ ಕಪ್ಪು ವಿಂಡೋ ಒಂದು ಬಂದು ಮಾಯವಾಯಿತು, ಗೇಮ್ ಬರಲಿಲ್ಲ. ಫೈಲ್ ಡಿಲೀಟ್ ಮಾಡಿದ್ದೇವೆ. ಅಷ್ಟು ಸಾಕಾ?
– ಓದುಗರು, ಶಿಡ್ಲಘಟ್ಟ

ಉತ್ತರ: ಸಾಕಾಗುವುದಿಲ್ಲ. ಮೊದಲು ಆ ಕಂಪ್ಯೂಟರಿನ ಇಂಟರ್ನೆಟ್ ಸಂಪರ್ಕ ಕಡಿದುಬಿಡಿ, ಆಮೇಲೆ ಮುಂದೆ ಓದಿ.

ಇಂಥ ಸೆಟಪ್‌ಗಳಲ್ಲಿ ಗೇಮ್ ಇರುವುದೇ ಇಲ್ಲ. ಇರುವುದು ಹೆಚ್ಚಾಗಿ ಪಾಸ್‌ವರ್ಡ್ ಕದಿಯುವ ಪ್ರೋಗ್ರಾಂ. ಬ್ರೌಸರಿನಲ್ಲಿ ಸೇವ್ ಮಾಡಿಟ್ಟ ಪಾಸ್‌ವರ್ಡ್, ಲಾಗಿನ್ ಆಗಿರುವ ಖಾತೆಗಳ ಕುಕಿ (ನೀವು ಆಗಲೇ ಲಾಗಿನ್ ಆಗಿದ್ದೀರಿ ಅಂತ ಬ್ರೌಸರ್ ಇಟ್ಟುಕೊಳ್ಳುವ ಗುರುತು), ಎಲ್ಲವನ್ನೂ ಬಾಚಿಕೊಂಡು ಕಳಿಸಿಬಿಡುತ್ತದೆ, ಅದಕ್ಕೆ ಜಾಸ್ತಿ ಹೊತ್ತೂ ಬೇಕಿಲ್ಲ. ಕುಕಿ ಸಿಕ್ಕರೆ ಜಿಮೇಲ್‌ನಂಥ ಖಾತೆಗೆ ಒಟಿಪಿ ಇಲ್ಲದೆಯೇ ನುಗ್ಗಬಹುದು. ಹಾಗಾಗಿ ನಿಮ್ಮ ಫೋನಿನಿಂದ ಮೊದಲು ಇಮೇಲ್, ನಂತರ ಬ್ಯಾಂಕ್ ಪಾಸ್‌ವರ್ಡ್ ಬದಲಿಸಿ, ಎಲ್ಲ ಸಾಧನಗಳಿಂದ ಲಾಗೌಟ್ ಮಾಡಿ, ಬ್ಯಾಂಕಿಗೂ ಹೇಳಿಡಿ. ಲೆಕ್ಕದ ಫೈಲ್ ಮಾತ್ರ ಪೆನ್‌ಡ್ರೈವ್‌ಗೆ ತೆಗೆದುಕೊಂಡು, ಡಿಸ್ಕ್ ಫಾರ್ಮ್ಯಾಟ್ ಮಾಡಿಸಿ ವಿಂಡೋಸ್ ಹೊಸದಾಗಿ ಹಾಕಿಸಿ. ದುಡ್ಡು ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ಇನ್ನು ಆ 500 ಎಂಬಿ ವಿಷಯ. ಜಿಟಿಎ 5 ಪಿಸಿಗೆ ಬಂದ 2015ರಲ್ಲೇ 65 ಜಿಬಿ ಜಾಗ ಕೇಳುತ್ತಿತ್ತು. ಗೇಮಿನಲ್ಲಿ ಜಾಗ ತಿನ್ನುವ ಚಿತ್ರ, ಸದ್ದು, ವಿಡಿಯೊ ಬಹುಪಾಲು ಮೊದಲೇ ಕಂಪ್ರೆಸ್ ಆಗಿರುತ್ತವೆ. ಹಿಂಡಿದ ಬಟ್ಟೆಯನ್ನು ಮತ್ತೆ ಹಿಂಡಿದರೆ ಎಷ್ಟು ನೀರು ಬಂದೀತು? 2004ರಲ್ಲಿ ಜರ್ಮನಿಯ ಒಂದು ತಂಡ ‘ಕ್ರೀಗರ್’ ಅನ್ನೋ ಶೂಟಿಂಗ್ ಗೇಮನ್ನು ಬರೀ 96 ಕೆಬಿಯಲ್ಲಿ ಮಾಡಿದ್ದು ನಿಜ, ಆದರೆ ಅದನ್ನು ಮೊದಲಿನಿಂದಲೂ ಪುಟ್ಟದಾಗಿರಲಿ ಅಂತಲೇ ಬರೆದಿದ್ದರು, ಗೋಡೆ, ನೆಲ ಎಲ್ಲಾ ಆಡುವಾಗ ಲೆಕ್ಕ ಹಾಕಿ ಹುಟ್ಟಿಸುತ್ತಿತ್ತು. ದೊಡ್ಡ ಗೇಮ್ ತಂದು ಕುಗ್ಗಿಸಿದ್ದಲ್ಲ.

ಫೈಲ್ ಬಿಚ್ಚೋಕೆ ಪಾಸ್‌ವರ್ಡ್ ಕೇಳಿತ್ತಾ ಅಂತ ತಮ್ಮನನ್ನು ಕೇಳಿ ನೋಡಿ. ಗ್ರಾಹಕರ ಗುಟ್ಟು ಕಾಯೋಕಲ್ಲ ಅದು, ಆಂಟಿವೈರಸ್ ಒಳಗೆ ಇಣುಕದಿರಲಿ ಅಂತ. ಇಂಥ ಫೈಲ್‌ಗಳ ಲಿಂಕ್ ಕೊಡುವ ವಿಡಿಯೊ ಕೆಳಗಿನ ‘ವರ್ಕಿಂಗ್ ಬ್ರೋ’ ಕಾಮೆಂಟುಗಳನ್ನೂ ನಂಬೋ ಹಾಗಿಲ್ಲ.

ಹುಡುಗನಿಗೆ ಸುಮ್ನೆ ಬೈಬೇಡಿ. ಗೇಮ್ ಮಾರುವ ಆನ್‌ಲೈನ್ ಅಂಗಡಿ ಎಪಿಕ್ ಗೇಮ್ಸ್ ಸ್ಟೋರ್ ಆಗಾಗ ಗೇಮ್ ಪುಕ್ಕಟೆ ಕೊಡುತ್ತದೆ, 2020ರ ಮೇ ತಿಂಗಳಲ್ಲಿ ಜಿಟಿಎ 5 ಅನ್ನೇ ಕೊಟ್ಟಿತ್ತು. ಆಡಲಿ, ಆದರೆ ಅಂಗಡಿ ಲೆಕ್ಕದ ಕಂಪ್ಯೂಟರಿನಲ್ಲಿ ಬೇಡ.